ಸುಟ್ಟ ಕೈಗೊಂದು ಕೋಡ್: ಆಸ್ಪತ್ರೆ ಚೀಟಿಯಲ್ಲಿ ಏನು ಬರೆದಿದೆ ಅನ್ನೋದು ಯಾಕೆ ಮುಖ್ಯ?

ಕೈ ಮೇಲೆ ಆ್ಯಸಿಡ್ ಬಿದ್ದರೆ ಚಿಕಿತ್ಸೆ ಒಂದು ದಿನಕ್ಕೆ ಮುಗಿಯೋದಿಲ್ಲ. ವಾರಗಟ್ಟಲೆ ಡ್ರೆಸ್ಸಿಂಗ್, ತಿಂಗಳುಗಟ್ಟಲೆ ಬೆರಳಿನ ವ್ಯಾಯಾಮ, ಕಲೆ ದಪ್ಪಗಾಗದಂತೆ ಬಿಗಿ ಕೈಗವಸು, ಕೆಲವರಿಗೆ ವರ್ಷ ಕಳೆದ ಮೇಲೂ ಸರ್ಜರಿ. ಈ ಪ್ರತಿಯೊಂದು ಭೇಟಿಯನ್ನೂ ಅಕ್ಷರ ಮತ್ತು ಅಂಕಿಗಳ ಒಂದು ಸಂಕೇತದಲ್ಲಿ ದಾಖಲಿಸುವ ಕೆಲಸವೇ ಮೆಡಿಕಲ್ ಕೋಡಿಂಗ್. ಕೇಳೋಕೆ ಗುಮಾಸ್ತಗಿರಿ ಅನ್ನಿಸಬಹುದು. ಆದರೆ ಪರಿಹಾರ, ವಿಮೆ, ಅಂಗವೈಕಲ್ಯದ ಸರ್ಟಿಫಿಕೇಟ್, ಎಲ್ಲದರ ಹಿಂದೆಯೂ ಇರೋದು ಇದೇ ದಾಖಲೆ.

ನಾನು ಇಂಜಿನಿಯರಿಂಗ್ ಮುಗಿಸಿದಾಗ ಜೊತೆಗೆ ಓದಿದ ಕೆಲವರು ಬೆಂಗಳೂರಿನಲ್ಲಿ ಇದೇ ಕೆಲಸಕ್ಕೆ ಸೇರಿದರು. ಅವರು ಕೋಡ್ ಮಾಡುತ್ತಿದ್ದುದು ಅಮೆರಿಕದ ರೋಗಿಗಳ ದಾಖಲೆಗಳನ್ನು. ಇನ್ನೊಂದು ಕಡೆ, 2001ರ ಫೆಬ್ರವರಿ 28ಕ್ಕೆ ಚಿನ್ನದ ಗಣಿ ಮುಚ್ಚಿದ ಮೇಲೆ ಕೆಜಿಎಫ್, ಬಂಗಾರಪೇಟೆ ಕಡೆಯ ಸಾವಿರಾರು ಜನ ದಿನಾ ರೈಲು ಹತ್ತಿ ಇದೇ ಬೆಂಗಳೂರಿಗೆ ದುಡಿಯೋಕೆ ಹೋಗುತ್ತಾರೆ. ಇಲ್ಲಿ ಕೂತು ಅಮೆರಿಕದವರ ಕೈಯನ್ನು ಬೆರಳು ಬೆರಳಾಗಿ ದಾಖಲಿಸುವ ನಾವು, ಪಕ್ಕದಲ್ಲೇ ಸುಟ್ಟ ಕೈಯನ್ನು ಹೇಗೆ ದಾಖಲಿಸುತ್ತೇವೆ?

ಕೋಡ್ ಕೆಲಸ ಮಾಡೋದು ಹೀಗೆ

ಒಂದು ಉದಾಹರಣೆ ಇಟ್ಟುಕೊಳ್ಳೋಣ. ಕ್ಯಾಸಂಬಳ್ಳಿಯ ಒಬ್ಬ ಹೆಣ್ಣುಮಗಳು ಬೆಂಗಳೂರಿನ ಯಾವುದೋ ಆಫೀಸಿನಲ್ಲಿ ಹೌಸ್‌ಕೀಪಿಂಗ್ ಮಾಡುತ್ತಾರೆ. ಟಾಯ್ಲೆಟ್ ತೊಳೆಯುವಾಗ ಹೈಡ್ರೋಕ್ಲೋರಿಕ್ ಆ್ಯಸಿಡ್ ಬಲ ಅಂಗೈ ಮೇಲೆ ಚೆಲ್ಲಿ ಗುಳ್ಳೆ ಎದ್ದಿದೆ, ಅಂದರೆ ಎರಡನೇ ಡಿಗ್ರಿ ಗಾಯ. ಹತ್ತು ದಿನದ ನಂತರ ಡ್ರೆಸ್ಸಿಂಗ್ ಬದಲಿಸೋಕೆ ಬಂದಿದ್ದಾರೆ.

ಅಮೆರಿಕದಲ್ಲಿ ಬಳಸುವ ಐಸಿಡಿ-10-ಸಿಎಂ ಪಟ್ಟಿಯಲ್ಲಿ ಈ ಭೇಟಿಗೆ ಎರಡು ಕೋಡ್ ಬೇಕು. ಮೊದಲನೆಯದು ಟಿ54.2ಎಕ್ಸ್1ಡಿ: ನಾಶಕಾರಿ ಆಮ್ಲ, ಆಕಸ್ಮಿಕ. ಎರಡನೆಯದು ಟಿ23.651ಡಿ. ಇದನ್ನು ಬಿಡಿಸಿ ಓದಿ: ಟಿ23 ಅಂದರೆ ಮಣಿಕಟ್ಟು ಮತ್ತು ಕೈ, 6 ಅಂದರೆ ರಾಸಾಯನಿಕದಿಂದಾದ ಎರಡನೇ ಡಿಗ್ರಿ ಗಾಯ, 5 ಅಂದರೆ ಅಂಗೈ, 1 ಅಂದರೆ ಬಲಗೈ. ಕೊನೆಯ ಡಿ ಅಂದರೆ ಗಾಯ ಮಾಯುವ ಹಂತದ ಭೇಟಿ.

ಈ ಕೊನೆಯ ಅಕ್ಷರದಲ್ಲೇ ಫಾಲೋ-ಅಪ್ ಕಥೆಯೆಲ್ಲ ಇದೆ. ಗಾಯಕ್ಕೆ ಸಕ್ರಿಯ ಚಿಕಿತ್ಸೆ ನಡೆಯುತ್ತಿರುವಷ್ಟು ಕಾಲ ಎ. ಎರಡನೇ ಸಲ ಬಂದ ಮಾತ್ರಕ್ಕೆ ಎ ಹೋಗಿ ಡಿ ಆಗೋದಿಲ್ಲ. ಚರ್ಮ ಕಸಿ ಮಾಡುತ್ತಿದ್ದರೆ ಆಗಲೂ ಎ. ಮಾಮೂಲಿ ಡ್ರೆಸ್ಸಿಂಗ್, ಚೇತರಿಕೆಯ ತಪಾಸಣೆ ಆದರೆ ಡಿ. ಗಾಯ ಮಾಯ್ದ ಮೇಲೆ ಕಲೆ ಬಿಗಿದು ಬೆರಳು ಮಡಚಿಕೊಂಡರೆ ಎಸ್, ಅಂದರೆ ಗಾಯ ಬಿಟ್ಟುಹೋದ ಪರಿಣಾಮ. ಆಗ ಮೊದಲು ಈಗಿರುವ ತೊಂದರೆಯ ಕೋಡ್ (ಚರ್ಮದ ಕಲೆಗೆ ಎಲ್90.5), ನಂತರ ಹಳೆಯ ಗಾಯದ ಕೋಡ್ ಎಸ್ ಜೊತೆ. ಇವತ್ತಿನ ಮಡಚಿದ ಬೆರಳಿಗೂ ಅವತ್ತಿನ ಆ್ಯಸಿಡ್‌ಗೂ ಇರುವ ಕೊಂಡಿ ಹೀಗೆ ಉಳಿಯುತ್ತೆ.

ಮೂಲ ಪಟ್ಟಿ ವಿಶ್ವ ಆರೋಗ್ಯ ಸಂಸ್ಥೆಯದ್ದು. ಅದರ ಐಸಿಡಿ-10ರಲ್ಲಿ ಇಷ್ಟು ವಿವರ ಇಲ್ಲ. ಅಲ್ಲಿ ಈ ಗಾಯ ಬರೀ ಟಿ23.6. ಎಡಗೈ, ಬಲಗೈ ಅನ್ನೋದಿಲ್ಲ, ಎ, ಡಿ, ಎಸ್ ಕೂಡ ಇಲ್ಲ. ನಂತರದ ಪರಿಣಾಮಕ್ಕೆ ಟಿ95.2 ಅನ್ನೋ ಬೇರೆ ಕೋಡ್ ಇದೆ. ಇಷ್ಟಾದರೂ ಬರಬೇಕು ಅಂದರೆ ಡಾಕ್ಟರು ವಿವರ ಬರೆದಿರಬೇಕು. ಚೀಟಿಯಲ್ಲಿ "ಬರ್ನ್ಸ್, ಕೈ" ಅಂತಷ್ಟೇ ಇದ್ದರೆ ಕೋಡ್ ಹಾಕುವವರು ಟಿ23.0ಗೆ ಇಳಿಯುತ್ತಾರೆ. ಟಿ23.0ರಿಂದ 23.3ರವರೆಗಿನವು ಬೆಂಕಿ, ಬಿಸಿಯಿಂದಾದ ಗಾಯಗಳು. ರಾಸಾಯನಿಕದ ಗಾಯಗಳಿಗೆ 23.4ರಿಂದ 23.7. ಅಂದರೆ ಒಂದು ಪದ ಬಿಟ್ಟುಹೋದರೆ ದಾಖಲೆಯಿಂದ ಆ್ಯಸಿಡ್ಡೇ ಮಾಯ.

ಒಂದು ಅಂಕಿ, ಬೇರೆಯೇ ಕಾನೂನು

ಮೇಲಿನ ಕೋಡ್‌ನಲ್ಲಿ ಎಕ್ಸ್ ನಂತರದ 1 ಆಕಸ್ಮಿಕ. ಅದೇ ಜಾಗದಲ್ಲಿ 2 ಇದ್ದರೆ ಸ್ವತಃ ಮಾಡಿಕೊಂಡದ್ದು, 3 ಇದ್ದರೆ ಬೇರೊಬ್ಬರು ಮಾಡಿದ ಹಲ್ಲೆ, 4 ಇದ್ದರೆ ಹೇಗಾಯಿತೆಂದು ನಿರ್ಧಾರವಾಗಿಲ್ಲ.

ನಮ್ಮ ಕಾನೂನಿನಲ್ಲೂ ಇದೇ ಗೆರೆ ಇದೆ. 2016ರ ವಿಕಲಚೇತನರ ಹಕ್ಕುಗಳ ಕಾಯ್ದೆ ಗುರುತಿಸಿದ 21 ಬಗೆಗಳಲ್ಲಿ ಆ್ಯಸಿಡ್ ದಾಳಿಗೆ ಒಳಗಾದವರೂ ಇದ್ದಾರೆ, ಆದರೆ ಹಿಂಸಾತ್ಮಕವಾಗಿ ಎರಚಿದಾಗ ಮಾತ್ರ. ಲಕ್ಷ್ಮಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 2013ರಲ್ಲಿ ಹೇಳಿದ ಕನಿಷ್ಠ 3 ಲಕ್ಷ ರೂಪಾಯಿ ಪರಿಹಾರವೂ ದಾಳಿಗೊಳಗಾದವರಿಗೇ. ಅಂಥವರಿಗೆ ಸರ್ಕಾರಿ, ಖಾಸಗಿ ಎನ್ನದೆ ಎಲ್ಲ ಆಸ್ಪತ್ರೆಗಳೂ ಉಚಿತ ಚಿಕಿತ್ಸೆ ಕೊಡಬೇಕು. ಮನೆಯೊಳಗೇ ನಡೆದ ಹಲ್ಲೆಯನ್ನು ಹೆದರಿಕೆಯಿಂದ "ಕೈ ಜಾರಿ ಚೆಲ್ಲಿತು" ಅಂತ ಬರೆಸಿದರೆ ಈ ಬಾಗಿಲುಗಳು ಮುಚ್ಚಿಕೊಳ್ಳುತ್ತವೆ.

ನಮ್ಮ ಉದಾಹರಣೆಯ ಹೆಣ್ಣುಮಗಳದ್ದು ದಾಳಿಯಲ್ಲ, ಕೆಲಸದ ಜಾಗದ ಅಪಘಾತ. ಅವರ ದಾರಿ ಇಎಸ್‌ಐ ಅಥವಾ ಮಾಲೀಕ ಕೊಡಬೇಕಾದ ಪರಿಹಾರ. 1923ರ ನೌಕರರ ಪರಿಹಾರ ಕಾಯ್ದೆಯ ಪಟ್ಟಿ ಹೆಬ್ಬೆರಳು ಹೋದರೆ ಗಳಿಕೆಯ ಶಕ್ತಿಯಲ್ಲಿ ಶೇ. 30, ಒಂದು ಕೈಯ ನಾಲ್ಕು ಬೆರಳು ಹೋದರೆ ಶೇ. 50 ನಷ್ಟ ಅಂತ ಲೆಕ್ಕ ಹಾಕಿತು. ಬೆರಳು ಕತ್ತರಿಸಿ ಹೋಗಬೇಕಂತಿಲ್ಲ. ಪೂರ್ತಿಯಾಗಿ, ಶಾಶ್ವತವಾಗಿ ಬಳಕೆಗೆ ಬಾರದಂತಾದರೂ ಹೋದಂತೆಯೇ ಅಂತ ಆ ಪಟ್ಟಿಯೇ ಹೇಳುತ್ತೆ. ಆದರೆ ಬೆರಳು ಮಡಚಿಕೊಳ್ಳೋದು ತಿಂಗಳುಗಳ ನಂತರ. ಮೊದಲ ದಿನದ ಚೀಟಿ ಅದನ್ನು ಹೇಳಲಾರದು. ಅದನ್ನು ತೋರಿಸುವುದು ಫಾಲೋ-ಅಪ್ ದಾಖಲೆ ಮಾತ್ರ.

ಆಯುಷ್ಮಾನ್ ಭಾರತ್ ರಾಷ್ಟ್ರೀಯ ಪ್ಯಾಕೇಜ್ ಪಟ್ಟಿಯಲ್ಲಿ ರಾಸಾಯನಿಕ ಗಾಯಕ್ಕೂ, ಕಲೆ ಬಿಗಿದು ಮಡಚಿಕೊಂಡದ್ದನ್ನು ಬಿಡಿಸುವ ಸರ್ಜರಿಗೂ ಬೇರೆ ಬೇರೆ ಪ್ಯಾಕೇಜ್ ಇವೆ. ಆದರೆ ಡಿಸ್ಚಾರ್ಜ್ ಆದ ಮೇಲಿನ ಆರೈಕೆಗೆ ಸಿಗೋದು 15 ದಿನ. ಕಲೆ ಹದಕ್ಕೆ ಬರೋಕೆ ವರ್ಷವೇ ಬೇಕು. ನಡುವಿನ ಖರ್ಚು, ಕಳೆದುಕೊಂಡ ಕೂಲಿ, ಬೆಂಗಳೂರಿನ ಓಡಾಟ ಎಲ್ಲವೂ ಅವರ ಮೇಲೇ.

ಚೀಟಿಯಲ್ಲಿ ಇರಲೇಬೇಕಾದ ಆರು ವಿಷಯ

1. ಯಾವ ರಾಸಾಯನಿಕ. ಸಾಧ್ಯವಾದರೆ ಬಾಟಲಿ ಅಥವಾ ಅದರ ಫೋಟೋ ತೋರಿಸಿ.
2. ಹೇಗಾಯಿತು: ಆಕಸ್ಮಿಕವೋ, ಹಲ್ಲೆಯೋ. ಕೆಲಸದಲ್ಲಿದ್ದಾಗ ಆಗಿದ್ದರೆ ಅದನ್ನೂ ಬರೆಸಿ.
3. ಎಡಗೈಯೋ, ಬಲಗೈಯೋ.
4. ಯಾವ ಭಾಗ: ಹೆಬ್ಬೆರಳು, ಬೇರೆ ಬೆರಳು, ಅಂಗೈ, ಅದರ ಹಿಂಭಾಗ, ಮಣಿಕಟ್ಟು.
5. ಎಷ್ಟನೇ ಡಿಗ್ರಿ.
6. ಈ ಭೇಟಿ ಯಾತಕ್ಕೆ: ಚಿಕಿತ್ಸೆಯೋ, ಡ್ರೆಸ್ಸಿಂಗೋ, ಉಳಿದುಹೋದ ಪರಿಣಾಮವೋ. ಬೆರಳು ಎಷ್ಟು ಮಡಚುತ್ತೆ, ಎಷ್ಟು ಬಿಡಿಸುತ್ತೆ ಅನ್ನೋದು ಪ್ರತಿ ಸಲವೂ ಇರಲಿ.

ಒಳರೋಗಿಯಾಗಿದ್ದರೆ ದಾಖಲೆಯ ಪ್ರತಿ ಕೇಳಿ. 2002ರ ವೈದ್ಯಕೀಯ ನೀತಿ ನಿಯಮಗಳ ಪ್ರಕಾರ ಕೇಳಿದ 72 ಗಂಟೆಯೊಳಗೆ ಕೊಡಬೇಕು. ಆ ದಾಖಲೆಗಳನ್ನು ಆಸ್ಪತ್ರೆ ಇಟ್ಟುಕೊಳ್ಳಬೇಕಾದ ಅವಧಿ 3 ವರ್ಷ, ಆದ್ದರಿಂದ ತಡ ಮಾಡಬೇಡಿ.

ಇಷ್ಟನ್ನೂ ರೋಗಿಯೇ ನೆನಪಿಟ್ಟು ಕೇಳಬೇಕು ಅನ್ನೋದು ನ್ಯಾಯವಲ್ಲ. ಈ ಆರು ಸಾಲುಗಳನ್ನು ಒಪಿಡಿ ಚೀಟಿಯಲ್ಲೇ ಅಚ್ಚು ಹಾಕಿಸೋಕೆ ಹೊಸ ತಂತ್ರಜ್ಞಾನ ಬೇಡ, ಆರೋಗ್ಯ ಇಲಾಖೆಯ ಒಂದು ಆದೇಶ ಸಾಕು. ಕೋಡ್ ಹಾಕೋದು ಹೇಗೆ ಅಂತ ಬೆಂಗಳೂರಿಗೆ ಯಾರೂ ಕಲಿಸಬೇಕಾಗಿಲ್ಲ. ಹೋಬಳಿ ಮಟ್ಟದ ಸರ್ಕಾರಿ ಆಸ್ಪತ್ರೆಗೂ ಆ ಕೆಲಸ ಬರಲಿ ಅಂತ ನಾವು ಕೇಳಬೇಕಿದೆ ಅಷ್ಟೇ.