ಸಂಯುಕ್ತ ರಂಗದ ದಿನಗಳು

1996ರ ಬೇಸಿಗೆಯಲ್ಲಿ ಭಾರತದ ಮತದಾರರು ಹನ್ನೊಂದನೆಯ ಲೋಕಸಭೆಯನ್ನು ಆರಿಸಿದರು. ರಾಜ್ಯಭಾರವನ್ನು ಮಾತ್ರ ಯಾರಿಗೂ ಇಡಿಯಾಗಿ ಒಪ್ಪಿಸಲಿಲ್ಲ. ಐದು ವರ್ಷ ಆಳಿದ ಪಿ.ವಿ. ನರಸಿಂಹರಾಯರ ಕಾಂಗ್ರೆಸ್ 140 ಸ್ಥಾನಗಳಿಗೆ ಇಳಿಯಿತು. ತುರ್ತುಪರಿಸ್ಥಿತಿಯ ಬೆನ್ನಿಗೆ ಬಂದ 1977ರ ಸೋಲಿನಲ್ಲೂ ಆ ಪಕ್ಷ ಅಷ್ಟು ಕುಗ್ಗಿರಲಿಲ್ಲ. 161 ಸ್ಥಾನ ಗೆದ್ದ ಭಾರತೀಯ ಜನತಾ ಪಕ್ಷ ಮೊದಲ ಬಾರಿಗೆ ಸದನದ ಅತಿ ದೊಡ್ಡ ಪಕ್ಷವಾಯಿತು. ಬಹುಮತಕ್ಕೆ ಬೇಕಿದ್ದುದು 272. ಈ ಎರಡು ಪಕ್ಷಗಳ ನಡುವೆ ನಿಂತವರು ಮದರಾಸು, ಹೈದರಾಬಾದು, ಗುವಾಹಟಿ, ಕಲ್ಕತ್ತ, ಲಖನೌಗಳಿಂದ ಬಂದ ನಾಯಕರು. ಕರ್ನಾಟಕದ 28 ಕ್ಷೇತ್ರಗಳಲ್ಲಿ 16 ಜನತಾದಳದ ಪಾಲಾಗಿದ್ದವು. ಇಡೀ ದೇಶದಲ್ಲಿ ಆ ಪಕ್ಷ ಗೆದ್ದದ್ದೇ 46.

ರಾಷ್ಟ್ರಪತಿ ಶಂಕರ ದಯಾಳ ಶರ್ಮರು ಅತಿ ದೊಡ್ಡ ಪಕ್ಷವನ್ನು ಕರೆದರು. ಮೇ 16ರಂದು ಅಟಲ ಬಿಹಾರಿ ವಾಜಪೇಯಿ ಪ್ರಮಾಣವಚನ ಸ್ವೀಕರಿಸಿದರು. ಶಿವಸೇನೆ, ಅಕಾಲಿದಳಗಳಂಥ ಕೆಲವರನ್ನು ಬಿಟ್ಟರೆ ಕೈಜೋಡಿಸಲು ಯಾರೂ ಮುಂದೆ ಬರಲಿಲ್ಲ. ಮೇ 28ರಂದು, ವಿಶ್ವಾಸಮತವನ್ನು ಮತಕ್ಕೆ ಹಾಕುವ ಮೊದಲೇ, ಅವರು ರಾಜೀನಾಮೆ ಘೋಷಿಸಿ ಸದನದಿಂದ ಹೊರನಡೆದರು.

ಅಷ್ಟರಲ್ಲಿ ಪ್ರಾದೇಶಿಕ ಪಕ್ಷಗಳೂ ಎಡಪಕ್ಷಗಳೂ ಸಂಯುಕ್ತ ರಂಗವಾಗಿ ಕೂಡಿದ್ದವು. ನಾಯಕನ ಹುಡುಕಾಟದಲ್ಲಿ ಅವು ಮೊದಲು ಹೋದದ್ದು ವಿ.ಪಿ. ಸಿಂಗರ ಬಳಿಗೆ. ಅವರು ಒಲ್ಲೆನೆಂದರು. ಬಳಿಕ ಎಲ್ಲರ ಕಣ್ಣು ಪಶ್ಚಿಮ ಬಂಗಾಳವನ್ನು 1977ರಿಂದ ಆಳುತ್ತಿದ್ದ ಜ್ಯೋತಿ ಬಸು ಅವರತ್ತ ಹೊರಳಿತು. ಬಸು ಸಿದ್ಧರಿದ್ದರು, ಅವರ ಪಕ್ಷದ ಕೇಂದ್ರ ಸಮಿತಿ ಒಪ್ಪಲಿಲ್ಲ. ಅದನ್ನು ‘ಐತಿಹಾಸಿಕ ಪ್ರಮಾದ’ ಎಂದು ಬಸು ಮುಂದೆ ಕರೆದರು. ಅವರ ಮಾತು ಸರಿಯೆಂದೇ ನನ್ನ ಎಣಿಕೆ. ಆ ರಂಗದಲ್ಲಿ ಅವರಷ್ಟು ದೀರ್ಘ ಆಡಳಿತದ ಅನುಭವ ಇನ್ನಾರಿಗೂ ಇರಲಿಲ್ಲ.

ಹೀಗೆ ಹೊಣೆ ಬಂದದ್ದು ಹೊಳೆನರಸೀಪುರ ಸೀಮೆಯ ಹರದನಹಳ್ಳಿಯ ರೈತನ ಮಗನಿಗೆ. ಎಚ್.ಡಿ. ದೇವೇಗೌಡರು ಮುಖ್ಯಮಂತ್ರಿಯಾಗಿ ಒಂದೂವರೆ ವರ್ಷವಾಗಿತ್ತಷ್ಟೆ. ವಿಧಾನಸೌಧವನ್ನು ಜೆ.ಎಚ್. ಪಟೇಲರಿಗೆ ಬಿಟ್ಟು, ಜೂನ್ 1ರಂದು ಅವರು ಪ್ರಧಾನಿಯಾದರು. ಆಗ ಅವರು ಸಂಸತ್ತಿನ ಸದಸ್ಯರೇ ಆಗಿರಲಿಲ್ಲ. ರಾಜ್ಯಸಭೆಗೆ ಆರಿಸಿ ಬಂದದ್ದು ಆಮೇಲೆ. ಅದೇ ಜೂನ್ ತಿಂಗಳು ರಾಜ್ಯದ ಮಾಜಿ ಮುಖ್ಯಮಂತ್ರಿ ರಾಮಕೃಷ್ಣ ಹೆಗಡೆ ಜನತಾದಳದಿಂದ ಉಚ್ಚಾಟಿತರಾದರು. ಕನ್ನಡಿಗನೊಬ್ಬ ದೆಹಲಿಯ ಗದ್ದುಗೆ ಏರಿದ ಹರ್ಷದ ದಿನಗಳಲ್ಲೇ ರಾಜ್ಯದ ದಳಕ್ಕೆ ಆಳವಾದ ಗಾಯವಾಯಿತು.

ಆ ಸಂಪುಟದ ಬಣ್ಣ ಹಿಂದೆ ಕಂಡದ್ದಲ್ಲ. ಕಾಂಗ್ರೆಸ್ಸಿನಿಂದ ಸಿಡಿದ ತಮಿಳು ಮಾನಿಲ ಕಾಂಗ್ರೆಸ್ಸಿನ ಪಿ. ಚಿದಂಬರಂ ಹಣಕಾಸು ಹಿಡಿದರು; ಮುಲಾಯಂ ಸಿಂಗ್ ರಕ್ಷಣೆಯನ್ನು, ಐ.ಕೆ. ಗುಜ್ರಾಲ್ ವಿದೇಶಾಂಗವನ್ನು. ಗೃಹಖಾತೆ ಸಿಪಿಐನ ಇಂದ್ರಜಿತ್ ಗುಪ್ತರ ಪಾಲಿಗೆ ಬಂತು. ಸ್ವತಂತ್ರ ಭಾರತದ ಸರ್ಕಾರಗಳು ಸೆರೆಗೆ ತಳ್ಳಿದ್ದ ಪಕ್ಷದವರೊಬ್ಬರು ದೇಶದ ಪೊಲೀಸು ವ್ಯವಸ್ಥೆಗೆ ಒಡೆಯರಾದರು. ಆಂಧ್ರದ ಮುಖ್ಯಮಂತ್ರಿ ಚಂದ್ರಬಾಬು ನಾಯ್ಡು ರಂಗದ ಸಂಚಾಲಕರು. ರಾಜ್ಯಗಳು ಅರ್ಜಿ ಹಿಡಿದು ದೆಹಲಿಯ ಬಾಗಿಲಲ್ಲಿ ಕಾಯುವ ರೂಢಿ ಆ ಕೆಲವು ತಿಂಗಳಾದರೂ ತಪ್ಪಿತ್ತು. ಖಿಚಡಿ ಸರ್ಕಾರವೆಂದು ಅದನ್ನು ಹೀಗಳೆದವರು ಈ ಮಾತನ್ನು ಗಮನಿಸಲಿಲ್ಲ.

ಅಲ್ಪಾಯುವಾದರೂ ಅದು ಕೈಕಟ್ಟಿ ಕೂರಲಿಲ್ಲ. ಒಂಬತ್ತು ವರ್ಷಗಳ ಬಳಿಕ ಜಮ್ಮು–ಕಾಶ್ಮೀರದಲ್ಲಿ ವಿಧಾನಸಭಾ ಚುನಾವಣೆ ನಡೆಯಿತು. ಸೆಪ್ಟೆಂಬರಿನಲ್ಲಿ ಮಹಿಳಾ ಮೀಸಲಾತಿಯ ಮಸೂದೆ ಮೊದಲ ಬಾರಿಗೆ ಲೋಕಸಭೆಗೆ ಬಂತು. ಸಮಗ್ರ ಅಣುಪರೀಕ್ಷಾ ನಿಷೇಧ ಒಪ್ಪಂದಕ್ಕೆ ಸಹಿ ಹಾಕುವುದಿಲ್ಲವೆಂಬ ನಿಲುವಿನಿಂದ ಭಾರತ ಕದಲಲಿಲ್ಲ. ಡಿಸೆಂಬರ್ 12ರಂದು ದೇವೇಗೌಡರೂ ಬಾಂಗ್ಲಾದೇಶದ ಶೇಖ್ ಹಸೀನಾ ಅವರೂ ಫರಕ್ಕಾದ ಗಂಗೆಯ ನೀರನ್ನು ಹಂಚಿಕೊಳ್ಳುವ 30 ವರ್ಷಗಳ ಒಪ್ಪಂದಕ್ಕೆ ಸಹಿ ಮಾಡಿದರು. ಕಾವೇರಿಯ ವ್ಯಾಜ್ಯದಲ್ಲಿ ಬೆಳೆದ ನೀರಾವರಿಯ ಮನುಷ್ಯನಿಗೆ ನೀರಿನ ಸಂಕಟವನ್ನು ಯಾರೂ ಹೇಳಿಕೊಡಬೇಕಿರಲಿಲ್ಲ. ಹೆಚ್ಚು ಬಲವಿದ್ದ ಸರ್ಕಾರಗಳು ಮುಟ್ಟಲಾಗದ ತೀರ್ಮಾನವನ್ನು ಈ ದುರ್ಬಲ ಸರ್ಕಾರ ಮುಟ್ಟಿತು.

ಅದರ ಅಸಲು ದೌರ್ಬಲ್ಯ ಪಕ್ಷಗಳ ಸಂಖ್ಯೆಯಲ್ಲಿರಲಿಲ್ಲ. ಚುನಾವಣೆಯಲ್ಲಿ ತಾವು ಎದುರಿಸಿ ಸೋಲಿಸಿದ ಕಾಂಗ್ರೆಸ್ಸೇ ಹೊರಗಿನಿಂದ ಕೊಟ್ಟ ಬೆಂಬಲದ ಮೇಲೆ ಅದು ನಿಂತಿತ್ತು. ಹೊಣೆ ಹೊರದ ಆ ಪಕ್ಷಕ್ಕೆ ಸರ್ಕಾರವನ್ನು ಬೀಳಿಸುವ ಅಧಿಕಾರ ಪೂರ್ತಿಯಾಗಿತ್ತು. ನರಸಿಂಹರಾಯರ ನಂತರ ಪಕ್ಷದ ಅಧ್ಯಕ್ಷರಾದ ಸೀತಾರಾಮ ಕೇಸರಿ 1997ರ ಮಾರ್ಚ್ 30ರಂದು ಬೆಂಬಲ ಹಿಂತೆಗೆದುಕೊಂಡರು. ಬಜೆಟ್ಟಿನ್ನೂ ಸದನದ ಒಪ್ಪಿಗೆಗೆ ಕಾಯುತ್ತಿತ್ತು. ಏಪ್ರಿಲ್ 11ರಂದು ದೇವೇಗೌಡರು ವಿಶ್ವಾಸಮತದಲ್ಲಿ ಸೋತರು. ಹತ್ತು ದಿನಗಳಲ್ಲಿ ಗುಜ್ರಾಲರು ಅದೇ ರಂಗದ, ಅದೇ ಕಾಂಗ್ರೆಸ್ ಬೆಂಬಲದ ಸರ್ಕಾರಕ್ಕೆ ಮುಖ್ಯಸ್ಥರಾದರು. ರಾಜೀವ್ ಗಾಂಧಿಯವರ ಹತ್ಯೆಯ ಸಂಚನ್ನು ವಿಚಾರಿಸಿದ ಜೈನ್ ಆಯೋಗದ ವರದಿಯನ್ನು ಮುಂದಿಟ್ಟು ಡಿಎಂಕೆ ಮಂತ್ರಿಗಳನ್ನು ಕೈಬಿಡಬೇಕೆಂದು ಕಾಂಗ್ರೆಸ್ ಪಟ್ಟು ಹಿಡಿದಾಗ ಗುಜ್ರಾಲರು ಮಣಿಯಲಿಲ್ಲ; ಕಾಂಗ್ರೆಸ್ ಮತ್ತೆ ಬೆಂಬಲ ಹಿಂತೆಗೆದುಕೊಂಡಿತು. ಡಿಸೆಂಬರಿನಲ್ಲಿ ಲೋಕಸಭೆ ವಿಸರ್ಜನೆಯಾಯಿತು.