ಅರ್ಥ ಹುಟ್ಟುವ ಸಂದು

ನಟ ಇವಾನ್ ಮೊಸ್ಜೂಖಿನ್‌ನ ನಿರ್ಭಾವುಕ ಮುಖದ ಒಂದೇ ತುಣುಕು. ಅದರ ಪಕ್ಕಕ್ಕೆ ಒಮ್ಮೆ ಸೂಪಿನ ಬಟ್ಟಲು, ಒಮ್ಮೆ ಶವಪೆಟ್ಟಿಗೆ, ಮತ್ತೊಮ್ಮೆ ಆಡುತ್ತಿರುವ ಮಗು. ನೋಡಿದವರಿಗೆ ಅದೇ ಮುಖದಲ್ಲಿ ಹಸಿವು, ದುಃಖ, ವಾತ್ಸಲ್ಯ ಕಂಡವಂತೆ. ಸೋವಿಯತ್ ನಿರ್ದೇಶಕ ಲೆವ್ ಕುಲೆಶೋವ್ ನಡೆಸಿದ ಈ ಪ್ರಯೋಗದ ರೀಲು ಉಳಿದಿಲ್ಲ. ಅವರ ಶಿಷ್ಯ ಪುಡೋವ್ಕಿನ್ ಮುಂತಾದವರು ಬರೆದಿಟ್ಟದ್ದಷ್ಟೇ ಉಳಿದಿದೆ. ಅದೇ ನಾಡಿನ ನಿರ್ದೇಶಕ ಐಸೆನ್‌ಸ್ಟೈನ್ 1929ರಲ್ಲಿ ಇನ್ನೂ ಮುಂದೆ ಹೋದರು. ಜಪಾನಿ ಬರಹದಲ್ಲಿ ಕಣ್ಣು ಮತ್ತು ನೀರಿನ ಚಿಹ್ನೆಗಳು ಕೂಡಿ ‘ಅಳು’ ಆಗುವಂತೆ, ಎರಡು ಶಾಟ್‌ಗಳು ಡಿಕ್ಕಿ ಹೊಡೆದಾಗ ಎರಡರಲ್ಲೂ ಇಲ್ಲದ ಅರ್ಥ ಹುಟ್ಟುತ್ತದೆ ಎಂದರು.

ಸಿನಿಮಾ ಕುರಿತ ಈ ಚಿಂತನೆಯ ಪರಂಪರೆಯ ದೊಡ್ಡ ಬಲವೆಂದರೆ ಬರೆದವರೇ ಕತ್ತರಿ ಹಿಡಿದವರೂ ಆಗಿದ್ದು.

ಅಮೆರಿಕದಲ್ಲಿ ಮಾಯಾ ಡೆರೆನ್ ಅದನ್ನು ಬೇರೆ ದಿಕ್ಕಿಗೆ ಒಯ್ದರು. 1945ರ ಅವರ ಪುಟ್ಟ ನೃತ್ಯಚಿತ್ರದಲ್ಲಿ ಟ್ಯಾಲಿ ಬೀಟಿ ಕಾಡಿನಲ್ಲಿ ಎತ್ತಿದ ಕಾಲು ಮನೆಯೊಳಗಿನ ಕೋಣೆಯಲ್ಲಿ ಇಳಿಯುತ್ತದೆ. ಜಾಗ ಎರಡು, ಹೆಜ್ಜೆ ಒಂದೇ. 1953ರಲ್ಲಿ ನ್ಯೂಯಾರ್ಕಿನ ಚರ್ಚೆಯೊಂದರಲ್ಲಿ ಕಥೆ ಅಡ್ಡಡ್ಡ ಸಾಗುತ್ತದೆ, ಕಾವ್ಯ ಒಂದು ಕ್ಷಣದ ಆಳಕ್ಕೆ ಇಳಿಯುತ್ತದೆ ಎಂದು ಅವರು ವಾದಿಸಿದಾಗ ಜೊತೆಗಿದ್ದ ಕವಿ ಡಿಲನ್ ಥಾಮಸ್ ಲೇವಡಿ ಮಾಡಿದರು. ಗೆದ್ದದ್ದು ಡೆರೆನ್ ಮಾತೇ.

ಅಮೆರಿಕದ ಇನ್ನೊಬ್ಬ ನಿರ್ದೇಶಕ ಸ್ಟಾನ್ ಬ್ರಾಕೇಜ್‌ಗೆ ಪದಗಳ ಮೇಲೆಯೇ ಅನುಮಾನ. ‘ಹಸಿರು’ ಎಂಬ ಹೆಸರೇ ಗೊತ್ತಿಲ್ಲದ ಅಂಬೆಗಾಲಿನ ಮಗುವಿಗೆ ಹುಲ್ಲಿನಲ್ಲಿ ಎಷ್ಟು ಬಣ್ಣ ಕಂಡಾವು ಎಂದು ಅವರು 1963ರ ಪುಸ್ತಕದಲ್ಲಿ ಕೇಳಿದರು. ಅದೇ ವರ್ಷ ಪತಂಗದ ರೆಕ್ಕೆ, ಹುಲ್ಲಿನೆಸಳುಗಳನ್ನು ಪಾರದರ್ಶಕ ಟೇಪಿಗೆ ಅಂಟಿಸಿ, ಕ್ಯಾಮೆರಾವನ್ನೇ ಬಳಸದೆ ‘ಮಾತ್‌ಲೈಟ್’ ಮಾಡಿದರು.

ಪದವನ್ನು ಹೊರಗಟ್ಟದೆ ಪರೀಕ್ಷೆಗೇ ಒಡ್ಡಿದವರು ನಿರ್ದೇಶಕ ಹಾಲಿಸ್ ಫ್ರಾಂಪ್ಟನ್. ಇವರೆಲ್ಲರಲ್ಲಿ ಹೆಚ್ಚು ಹರಿತವಾದ ಬರವಣಿಗೆಯೂ ಅವರದೇ. 1970ರ ‘ಜಾರ್ನ್ಸ್ ಲೆಮ್ಮಾ’ದಲ್ಲಿ ನ್ಯೂಯಾರ್ಕಿನ ಬೋರ್ಡುಗಳ ಪದಗಳು ಅಕ್ಷರಾನುಕ್ರಮದಲ್ಲಿ, ಸೆಕೆಂಡಿಗೊಂದರಂತೆ ಬರುತ್ತವೆ. ಸುತ್ತು ಮುಗಿದಂತೆ ಒಂದೊಂದೇ ಅಕ್ಷರದ ಜಾಗಕ್ಕೆ ಬೆಂಕಿ, ಸಮುದ್ರದ ಅಲೆಯಂಥ ದೃಶ್ಯಗಳು ಬಂದು ಕೂರುತ್ತವೆ. ಸ್ವಲ್ಪ ಹೊತ್ತಿಗೆ ಪ್ರೇಕ್ಷಕ ಬೆಂಕಿಯನ್ನೇ ಅಕ್ಷರವಾಗಿ ಓದತೊಡಗುತ್ತಾನೆ! ಮರುವರ್ಷದ ‘ನಾಸ್ಟಾಲ್ಜಿಯಾ’ ಇನ್ನೂ ನಿರ್ದಯ. ಬಿಸಿ ಒಲೆಯ ಮೇಲೆ ಒಂದು ಫೋಟೊ ಸುಟ್ಟು ಮುದುಡುತ್ತಿರುವಾಗ, ಕೇಳುವ ವಿವರಣೆ ಮುಂದೆ ಬರಲಿರುವ ಫೋಟೊದ್ದು. ಕೇಳಿದ್ದನ್ನು ನೆನಪಿಡಬೇಕು, ಕಾಣುತ್ತಿರುವುದಕ್ಕೆ ಹಿಂದಿನ ಮಾತನ್ನು ಹುಡುಕಬೇಕು. ಎರಡೂ ಒಟ್ಟಿಗೆ ಆಗುವುದಿಲ್ಲ. ನೋಡುವುದೆಂದರೆ ನೆನಪಿನ ಕೆಲಸವೆಂಬುದನ್ನು ಯಾವ ಪ್ರಬಂಧವೂ ಇಷ್ಟು ನೇರವಾಗಿ ತೋರಿಸಿಕೊಟ್ಟಿಲ್ಲ.

ಅದೇ ಹೊತ್ತಿನಲ್ಲಿ, ಪುಣೆಯ ಫಿಲ್ಮ್ ಇನ್‌ಸ್ಟಿಟ್ಯೂಟಿನಲ್ಲಿ ಋತ್ವಿಕ್ ಘಟಕ್‌ರ ಶಿಷ್ಯರಾಗಿದ್ದ ಮಣಿ ಕೌಲ್ ‘ಉಸ್ಕಿ ರೋಟಿ’ ತೆಗೆದರು. ಬಸ್ ಡ್ರೈವರ್ ಗಂಡನಿಗೆ ರೊಟ್ಟಿ ಹಿಡಿದು ಕಾಯುವ ಬಾಲೋಳ ವಾಸ್ತವ, ಕಲ್ಪನೆಗಳಿಗೆ 28 ಮತ್ತು 135 ಮಿಲಿಮೀಟರ್‌ನ ಎರಡೇ ಲೆನ್ಸ್‌ಗಳನ್ನು ಹಂಚಿದರು. ಆಮೇಲೆ ಆ ಹಂಚಿಕೆಯನ್ನೇ ಕಲಕಿದರು. ಎಲ್ಲವನ್ನೂ ಒಂದೇ ಬಿಂದುವಿಗೆ ಒಗ್ಗೂಡಿಸುವ ಯುರೋಪಿನ ಪರ್ಸ್‌ಪೆಕ್ಟಿವ್ ನೋಟವನ್ನು ಕ್ಯಾಮೆರಾ ಯಾಕೆ ಹೊತ್ತು ತಿರುಗಬೇಕು ಎಂಬ ಪ್ರಶ್ನೆಯನ್ನು ಅವರ ಮುಂದಿನ ಬರಹಗಳು ಎತ್ತಿಕೊಂಡವು.