ಅರುಣಾಳ ಪರವಾಗಿ ಯಾರು?

ಮರಣದ ಬಗ್ಗೆ ನಮ್ಮ ಭಾಷೆಯಲ್ಲಿ ಮಾತುಗಳಿಗೆ ಬರವಿಲ್ಲ. ಭೀಷ್ಮನದು ಇಚ್ಛಾಮರಣ. ನಮ್ಮ ಹಿರಿಯರು ಸಂಜೆ ದೀಪ ಹಚ್ಚಿ ಬೇಡಿಕೊಳ್ಳುತ್ತಿದ್ದುದು ಅನಾಯಾಸ ಮರಣ. ಜೈನರಲ್ಲಿ ಸಲ್ಲೇಖನವೆಂಬ ವ್ರತವಿದೆ. ಶ್ರವಣಬೆಳಗೊಳದ ಚಂದ್ರಗಿರಿಯ ಬಂಡೆಗಳ ಮೇಲೆ ಆ ವ್ರತ ಹಿಡಿದವರ ಹೆಸರುಗಳನ್ನು ಸಾವಿರ ವರ್ಷಗಳಿಗೂ ಹಿಂದಿನಿಂದ ಕೆತ್ತುತ್ತ ಬಂದಿದ್ದಾರೆ. ಹೆಂಗಸರ ಹೆಸರುಗಳೂ ಅಲ್ಲಿವೆ. ಹೊಯ್ಸಳ ರಾಣಿ ಶಾಂತಲೆ ಶಿವಗಂಗೆಯಲ್ಲಿ ತೀರಿಕೊಂಡ ಮೇಲೆ ಆಕೆಯ ತಾಯಿ ಮಾಚಿಕಬ್ಬೆ ಬೆಳ್ಗೊಳಕ್ಕೆ ಬಂದು ಅನ್ನ ನೀರು ಬಿಟ್ಟು ದೇಹ ತ್ಯಜಿಸಿದಳೆಂದು ಶಾಸನ ಹೇಳುತ್ತದೆ.

ಇವೆಲ್ಲದರಲ್ಲೂ ಸಾಯುವವರೇ ಬಾಯಿಬಿಟ್ಟು ತಮ್ಮ ಇಚ್ಛೆ ಹೇಳುತ್ತಾರೆ. ಆದರೆ ನಮ್ಮ ಕಾಲದ ಮಾತಾದ ದಯಾಮರಣದಲ್ಲಿ ಅನೇಕ ವೇಳೆ ಸಾಯುವವರು ಒಬ್ಬರು, ದಯೆ ತೋರುವವರು ಇನ್ನೊಬ್ಬರು. ಆ ಇನ್ನೊಬ್ಬರು ಯಾರಾಗಬೇಕು? ನಮ್ಮ ದೇಶದ ನ್ಯಾಯಾಲಯಗಳು ಈ ಪ್ರಶ್ನೆಯನ್ನು ನೇರವಾಗಿ ಎದುರಿಸಬೇಕಾಗಿ ಬಂದದ್ದು ನಮ್ಮ ಉತ್ತರ ಕನ್ನಡ ಜಿಲ್ಲೆಯ ಒಬ್ಬ ಹೆಣ್ಣುಮಗಳಿಂದ. ಆಕೆ ಹೊನ್ನಾವರ ತಾಲ್ಲೂಕಿನ ಹಳದೀಪುರದವಳು. ಹೆಸರು ಅರುಣಾ ಶಾನಭಾಗ.

1948ರಲ್ಲಿ ಹುಟ್ಟಿದ ಅರುಣಾ ನರ್ಸಿಂಗ್ ಕಲಿತು ಮುಂಬಯಿಯ ಪರೇಲಿನ ಕೆ.ಇ.ಎಂ. ಆಸ್ಪತ್ರೆಯಲ್ಲಿ ಕೆಲಸಕ್ಕೆ ಸೇರಿದ್ದಳು. ಆ ಕಾಲಕ್ಕೆ ಕರಾವಳಿಯ ಒಂದು ಹಳ್ಳಿಯಿಂದ ಹುಡುಗಿಯೊಬ್ಬಳು ಅಷ್ಟು ದೂರ ಹೋಗಿ ತನ್ನ ಕಾಲ ಮೇಲೆ ತಾನು ನಿಲ್ಲುವುದು ಸಣ್ಣ ಸಂಗತಿಯಲ್ಲ. ಅದೇ ಆಸ್ಪತ್ರೆಯ ವೈದ್ಯರೊಬ್ಬರೊಂದಿಗೆ ಮದುವೆ ನಿಶ್ಚಯವಾಗಿತ್ತು. 1973ರ ನವೆಂಬರ್ 27ರ ಸಂಜೆ, ಡ್ಯೂಟಿ ಮುಗಿಸಿ ಬಟ್ಟೆ ಬದಲಿಸುವ ಹೊತ್ತಿಗೆ, ಆಸ್ಪತ್ರೆಯ ಕಸಗುಡಿಸುವ ನೌಕರನೊಬ್ಬ ನಾಯಿ ಕಟ್ಟುವ ಸರಪಳಿಯನ್ನು ಕೊರಳಿಗೆ ಬಿಗಿದು ಆಕೆಯ ಮೇಲೆರಗಿದ. ಮರುದಿನ ಬೆಳಿಗ್ಗೆ ಆಕೆ ಸಿಕ್ಕಾಗ ಉಸಿರಿತ್ತು. ಪ್ರಾಣವಾಯು ಸಿಗದೆ ಮಿದುಳು ಘಾಸಿಗೊಂಡಿತ್ತು. ಕಣ್ಣು ಕಾಣುತ್ತಿರಲಿಲ್ಲ, ಮಾತು ಹೋಗಿತ್ತು.

ಅಪರಾಧಿಗೆ ಕೊಲೆಯತ್ನ ಮತ್ತು ಸುಲಿಗೆಗಾಗಿ ಏಳು ವರ್ಷ ಶಿಕ್ಷೆಯಾಯಿತು. ಲೈಂಗಿಕ ದೌರ್ಜನ್ಯದ ಆರೋಪ ಕೋರ್ಟಿನವರೆಗೆ ಬರಲೇ ಇಲ್ಲ. ಹುಡುಗಿಯ ಮಾನ ಉಳಿಯಲಿ, ನಿಶ್ಚಯವಾದ ಮದುವೆಗೆ ಕಳಂಕ ಬಾರದಿರಲಿ ಎಂಬ ಎಣಿಕೆ ಅದರ ಹಿಂದಿತ್ತೆಂದು ಹೇಳುತ್ತಾರೆ. ಅರುಣಾಳ ಪರವಾಗಿ ಬೇರೆಯವರು ತೀರ್ಮಾನ ಮಾಡಿದ್ದು ಅಲ್ಲಿಂದಲೇ ಶುರುವಾಯಿತು. ಆಕೆಯನ್ನು ಕೇಳುವಂತಿರಲಿಲ್ಲ, ನಿಜ. ಆದರೂ ಒಳ್ಳೆಯದಕ್ಕೆಂದು ಮಾಡಿದ ಆ ತೀರ್ಮಾನದ ಲಾಭ ಯಾರಿಗಾಯಿತೆಂಬುದನ್ನು ಬಿಡಿಸಿ ಹೇಳಬೇಕಾಗಿಲ್ಲ.

ನಾಲ್ಕನೇ ವಾರ್ಡಿಗೆ ಸೇರಿದ ಒಂದು ಕೋಣೆಯಲ್ಲಿ ಆಕೆ 42 ವರ್ಷ ಮಲಗಿದ್ದಳು. ಈ ಅಂಕಿಯನ್ನು ಓದಿ ಮುಂದೆ ಹೋಗುವುದು ಸುಲಭ. ನಾನು ಅದನ್ನು ಹೀಗೆ ಅಳೆಯುತ್ತೇನೆ: ಆಕೆ ಹಾಸಿಗೆ ಹಿಡಿದಾಗ ನಾನು ಒಂದು ವರ್ಷದ ಕೂಸು. ನಾನು ಅಕ್ಷರ ಕಲಿತದ್ದು, ಬಿ.ಎ., ಬಿ.ಎಡ್. ಮುಗಿಸಿದ್ದು, ಮದುವೆಯಾಗಿ ಎರಡು ಮಕ್ಕಳನ್ನು ಹೆತ್ತು ಹೈಸ್ಕೂಲಿಗೆ ಕಳಿಸಿದ್ದು, ಎಲ್ಲವೂ ಆಗುತ್ತಿದ್ದಾಗ ಆಕೆ ಅದೇ ಕೋಣೆಯಲ್ಲಿದ್ದಳು.

ಆಕೆಯನ್ನು ನೋಡಿಕೊಂಡವರು ಅಲ್ಲಿಯ ನರ್ಸುಗಳು. ಎಂಬತ್ತರ ದಶಕದಲ್ಲಿ ಮುಂಬಯಿ ಮಹಾನಗರ ಪಾಲಿಕೆ ಹಾಸಿಗೆ ಖಾಲಿ ಮಾಡಿಸಲು ಆಕೆಯನ್ನು ಬೇರೆಡೆಗೆ ಸಾಗಿಸಹೊರಟಾಗ ಅಡ್ಡ ನಿಂತು ಪ್ರತಿಭಟಿಸಿದವರೂ ಅವರೇ. ಒಂದು ತಲೆಮಾರಿನವರು ನಿವೃತ್ತರಾದರೆ ಇನ್ನೊಂದು ತಲೆಮಾರಿನವರು ಬಂದರು. ಘಟನೆ ನಡೆದಾಗ ಹುಟ್ಟಿಯೇ ಇರದಿದ್ದ ಹುಡುಗಿಯರು ಆಕೆಯ ಬಾಯಿಗೆ ತುತ್ತಿಟ್ಟರು. ಕರಾವಳಿಯವಳಲ್ಲವೇ, ಮೀನಿನ ಅಡುಗೆಯನ್ನು ಖುಷಿಯಿಂದ ಉಣ್ಣುತ್ತಿದ್ದಳಂತೆ. ಇಷ್ಟು ವರ್ಷಗಳಲ್ಲಿ ಮೈಮೇಲೆ ಒಂದೇ ಒಂದು ಹಾಸಿಗೆ ಹುಣ್ಣು ಆಗಿರಲಿಲ್ಲವೆಂಬುದನ್ನು ಸುಪ್ರೀಂ ಕೋರ್ಟು ತನ್ನ ತೀರ್ಪಿನಲ್ಲಿ ಮೆಚ್ಚಿ ಬರೆದಿದೆ.

ಈ ಮಾತಿನ ತೂಕ ಮನೆಯಲ್ಲಿ ರೋಗಿಯನ್ನು ನೋಡಿಕೊಂಡವರಿಗೆ ಗೊತ್ತು. ನಮ್ಮ ಅತ್ತೆಯವರು ಲಕ್ವ ಹೊಡೆದು ಎರಡು ವರ್ಷ ಮಲಗಿದ್ದರು. ಎರಡೆರಡು ಗಂಟೆಗೊಮ್ಮೆ ಮಗ್ಗುಲು ಬದಲಿಸಬೇಕು, ಬೆನ್ನು ಒರೆಸಬೇಕು, ಪೌಡರು ಹಾಕಬೇಕು, ಬಟ್ಟೆಯ ಒಂದು ಮಡಿಕೆಯೂ ಒತ್ತದಂತೆ ನೋಡಬೇಕು. ನಾನೂ ನನ್ನ ನಾದಿನಿಯೂ ಹಗಲು ರಾತ್ರಿ ಪಾಳಿ ಹಾಕಿಕೊಂಡರೂ ಸೊಂಟದ ಹತ್ತಿರ ಹುಣ್ಣಾಗುವುದನ್ನು ತಪ್ಪಿಸಲಾಗಲಿಲ್ಲ. ಆಗಾಗ ಅತ್ತೆ ತೊದಲುತ್ತ, "ತಂಗೀ, ಇನ್ನು ಸಾಕು, ದೇವರು ಕರೆದುಕೊಳ್ಳಲಿ" ಎನ್ನುತ್ತಿದ್ದರು. ಮಗಳು ಊರಿಂದ ಬಂದು ನಾಲ್ಕು ದಿನ ಪಕ್ಕದಲ್ಲಿ ಕೂತರೆ ಆ ಮಾತು ನಿಂತುಬಿಡುತ್ತಿತ್ತು. ಸಾವು ಬೇಡುವ ಮುದುಕಿಯರ ಬಾಯಲ್ಲಿ ಎಷ್ಟೋ ಸಲ ಬೇರೊಂದು ಬೇಡಿಕೆ ಇರುತ್ತದೆ.

2009ರಲ್ಲಿ ಪತ್ರಕರ್ತೆ ಪಿಂಕಿ ವಿರಾನಿ ಅರುಣಾಳ ಆಪ್ತಮಿತ್ರಳೆಂಬ ನೆಲೆಯಲ್ಲಿ ಸುಪ್ರೀಂ ಕೋರ್ಟಿಗೆ ಹೋದರು. ಅರುಣಾಳ ಬದುಕಿನ ಬಗ್ಗೆ ಅವರು 1998ರಲ್ಲೇ ಪುಸ್ತಕ ಪ್ರಕಟಿಸಿದ್ದರು. ದೇಶಕ್ಕೆ ಆಕೆಯ ನೆನಪು ಉಳಿದದ್ದರಲ್ಲಿ ಆ ಪುಸ್ತಕದ ಪಾಲು ದೊಡ್ಡದು. ಇದು ಬದುಕಲ್ಲ, ಬಲವಂತದ ಆಹಾರ ನಿಲ್ಲಿಸಿ ಆಕೆಯನ್ನು ಶಾಂತವಾಗಿ ಹೋಗಗೊಡಿ ಎಂಬುದು ಅವರ ಬಿನ್ನಹ. ಆಕೆ ನಮ್ಮವಳು, ನಾವು ನೋಡಿಕೊಳ್ಳುತ್ತೇವೆ ಎಂದು ಆಸ್ಪತ್ರೆಯವರು ವಿರೋಧಿಸಿದರು. ಕೋರ್ಟು ಮೂವರು ವೈದ್ಯರನ್ನು ಕಳಿಸಿತು. ಮಿದುಳು ಸತ್ತಿಲ್ಲ, ಆದರೆ ಅರಿವು ಮರಳುವ ಲಕ್ಷಣವಿಲ್ಲ ಎಂದು ಅವರು ವರದಿ ಕೊಟ್ಟರು.

2011ರ ಮಾರ್ಚ್ 7ರಂದು ನ್ಯಾಯಮೂರ್ತಿ ಮಾರ್ಕಂಡೇಯ ಕಾಟ್ಜು ಮತ್ತು ನ್ಯಾಯಮೂರ್ತಿ ಜ್ಞಾನಸುಧಾ ಮಿಶ್ರಾ ತೀರ್ಪು ಕೊಟ್ಟರು. ಅರ್ಜಿ ಬಿದ್ದುಹೋಯಿತು. ಪುಸ್ತಕ ಬರೆದವರ ಕಾಳಜಿಯನ್ನು ಗೌರವಿಸುತ್ತಲೇ, ಅರುಣಾಳ ನಿಜವಾದ ಆಪ್ತಮಿತ್ರರು ಹಗಲಿರುಳು ಆಕೆಯ ಮೈ ತೊಳೆದ ಆಸ್ಪತ್ರೆಯ ಸಿಬ್ಬಂದಿಯೇ ಎಂದು ಕೋರ್ಟು ಹೇಳಿತು. ಮುಂದೆಂದಾದರೂ ಅವರ ಮನಸ್ಸು ಬದಲಾದರೆ ಮುಂಬಯಿ ಹೈಕೋರ್ಟಿಗೆ ಹೋಗಬಹುದು ಎಂದಿತು. ಅದರ ಜೊತೆಗೇ, ಬದುಕಿಸಿಟ್ಟ ಚಿಕಿತ್ಸೆಯನ್ನು ಹಿಂತೆಗೆಯುವ ದಯಾಮರಣಕ್ಕೆ, ಹೈಕೋರ್ಟಿನ ಒಪ್ಪಿಗೆಯ ಮೇಲೆ, ದೇಶದಲ್ಲಿ ಮೊದಲ ಬಾರಿಗೆ ದಾರಿ ತೆರೆಯಿತು. ಹೈಕೋರ್ಟಿನ ಕಾವಲು ಏಕೆಂದರೆ, ಆಸ್ತಿಯ ಆಸೆಗೆ ನೆಂಟರು ಇದನ್ನು ದುರುಪಯೋಗ ಮಾಡಿಕೊಂಡಾರೆಂಬ ಭಯ. ಆ ಭಯ ಸುಳ್ಳೆನ್ನುವವರು ನಮ್ಮ ಮನೆಗಳ ಒಳಗನ್ನು ಕಂಡವರಲ್ಲ.

ಇದಕ್ಕೂ ಹಿಂದಿನ ಒಂದು ಮೊಕದ್ದಮೆಯನ್ನು ಹೆಂಗಸರು ತಿಳಿದಿರಬೇಕು. 1860ರ ಭಾರತೀಯ ದಂಡಸಂಹಿತೆಯ 309ನೇ ಕಲಮಿನಂತೆ ಆತ್ಮಹತ್ಯೆಗೆ ಯತ್ನಿಸಿ ಬದುಕಿ ಉಳಿದವರಿಗೆ ಶಿಕ್ಷೆ. ನೊಂದವರನ್ನು ಮತ್ತೆ ನೋಯಿಸುವ ಈ ಕಾನೂನು ಕ್ರೂರವೆಂದು ಸುಪ್ರೀಂ ಕೋರ್ಟು 1994ರಲ್ಲಿ ಅದನ್ನು ರದ್ದುಮಾಡಿತು. ಆಗ ಪಂಜಾಬಿನ ಅತ್ತೆ ಮಾವಂದಿರಿಬ್ಬರು ಆ ತೀರ್ಪನ್ನು ಹಿಡಿದುಕೊಂಡು ಬಂದರು. ಸೊಸೆಯ ಆತ್ಮಹತ್ಯೆಗೆ ಪ್ರೇರಣೆ ಕೊಟ್ಟರೆಂದು ಅವರಿಗೆ ಶಿಕ್ಷೆಯಾಗಿತ್ತು. ಸಾಯುವುದು ಹಕ್ಕಾದರೆ, ಹಕ್ಕು ಚಲಾಯಿಸಲು ನೆರವಾದದ್ದು ಅಪರಾಧ ಹೇಗಾದೀತು ಎಂಬುದು ಅವರ ವಾದ! ಎಷ್ಟು ದೊಡ್ಡ ತತ್ವವಾದರೂ ಸರಿ, ನಮ್ಮ ಸಮಾಜದಲ್ಲಿ ಅದನ್ನು ಮೊದಲು ಹಿಡಿಯುವ ಕೈ ಯಾವುದೆಂದು ಇದರಿಂದ ತಿಳಿಯುತ್ತದೆ. 1996ರಲ್ಲಿ ಗ್ಯಾನ್ ಕೌರ್ ಮೊಕದ್ದಮೆಯೆಂದು ಹೆಸರಾದ ಇದರಲ್ಲಿ ಐವರು ನ್ಯಾಯಮೂರ್ತಿಗಳ ಪೀಠ ಹಿಂದಿನ ತೀರ್ಪನ್ನು ತಳ್ಳಿಹಾಕಿತು. ಬದುಕುವ ಹಕ್ಕಿನಲ್ಲಿ ಸಾಯುವ ಹಕ್ಕು ಸೇರಿಲ್ಲ. ಆದರೆ ಕೊನೆಯುಸಿರಿನವರೆಗೂ ಘನತೆಯಿಂದ ಇರುವುದು ಸೇರಿದೆ ಎಂದಿತು. ಮುಂದಿನ ತೀರ್ಪುಗಳೆಲ್ಲ ಈ ಕೊನೆಯ ಮಾತಿನ ಮೇಲೆ ಕಟ್ಟಿದವು. 309ನೇ ಕಲಮು 2024ರ ಜುಲೈ 1ರಿಂದ ಜಾರಿಗೆ ಬಂದ ಭಾರತೀಯ ನ್ಯಾಯ ಸಂಹಿತೆಯಲ್ಲಿ ಉಳಿದಿಲ್ಲ. ಆತ್ಮಹತ್ಯೆಗೆ ಪ್ರೇರಣೆ ಕೊಡುವುದು ಇಂದಿಗೂ ಅಪರಾಧವೇ.

ವಿಷದ ಸೂಜಿ ಚುಚ್ಚಿ ಪ್ರಾಣ ತೆಗೆಯುವುದಕ್ಕೂ ನಮ್ಮ ಕಾನೂನು ಒಪ್ಪಿಲ್ಲ. ನೆದರ್ಲೆಂಡ್ಸ್ ದೇಶದಲ್ಲಿ ವೈದ್ಯರಿಗೆ ಕಟ್ಟುನಿಟ್ಟಾದ ಷರತ್ತುಗಳ ಮೇಲೆ 2002ರಿಂದ ಅದಕ್ಕೆ ಅವಕಾಶವಿದೆ. ಅಲ್ಲಿ ಈ ಚರ್ಚೆ ಎದ್ದದ್ದು ಅರುಣಾ ಹಾಸಿಗೆ ಹಿಡಿದ 1973ರಲ್ಲೇ. ಮತ್ತೆ ಮತ್ತೆ ಸಾವು ಬೇಡಿದ ತನ್ನ ರೋಗಿಷ್ಠ ತಾಯಿಗೆ ಮಾರ್ಫಿನ್ ಕೊಟ್ಟ ವೈದ್ಯೆಯೊಬ್ಬಳಿಗೆ ಅಲ್ಲಿಯ ನ್ಯಾಯಾಲಯ ಹೆಸರಿಗಷ್ಟೇ ಒಂದು ವಾರದ ಶಿಕ್ಷೆ ವಿಧಿಸಿ ಅದನ್ನೂ ಅಮಾನತಿನಲ್ಲಿಟ್ಟಿತು. ಆ ತಾಯಿಗೆ ಬಾಯಿತ್ತು, ಕೇಳಿದಳು. ಅರುಣಾಳಿಗೆ ಅದಿರಲಿಲ್ಲ.

ಮಾತು ನಿಲ್ಲುವ ಮೊದಲೇ ಮಾತು ಬರೆದಿಡುವ ದಾರಿಯನ್ನು ಸುಪ್ರೀಂ ಕೋರ್ಟು 2018ರ ಮಾರ್ಚ್ 9ರಂದು ತೋರಿಸಿತು. ಕಾಮನ್ ಕಾಸ್ ಎಂಬ ಸಂಸ್ಥೆ 2005ರಲ್ಲಿ ಹಾಕಿದ್ದ ಅರ್ಜಿಯ ಮೇಲೆ ಬಂದ ತೀರ್ಪು ಅದು. ನಾನು ಚೇತರಿಸಿಕೊಳ್ಳುವ ಆಸೆಯೇ ಇಲ್ಲದ ಸ್ಥಿತಿಗೆ ಬಂದರೆ ಯಂತ್ರಗಳಿಂದ ಉಸಿರು ಹಿಡಿದಿಡಬೇಡಿ ಎಂದು, ಹದಿನೆಂಟು ತುಂಬಿದ, ಬುದ್ಧಿ ಸ್ವಸ್ಥವಿರುವ ಯಾರಾದರೂ ಬರೆದಿಡಬಹುದು. ಇದಕ್ಕೆ ಜೀವಂತ ಉಯಿಲು ಎನ್ನುತ್ತಾರೆ. ಮೊದಲು ಮ್ಯಾಜಿಸ್ಟ್ರೇಟರ ರುಜು ಬೇಕೆಂಬ ನಿಯಮವಿದ್ದು ಯಾರಿಗೂ ಉಪಯೋಗಕ್ಕೆ ಬರುವಂತಿರಲಿಲ್ಲ. 2023ರ ಜನವರಿಯಲ್ಲಿ ಕೋರ್ಟು ಅದನ್ನು ಸಡಿಲಿಸಿತು. ಈಗ ಇಬ್ಬರು ಸಾಕ್ಷಿಗಳ ಎದುರು ರುಜು ಹಾಕಿ, ನೋಟರಿ ಅಥವಾ ಗೆಜೆಟೆಡ್ ಅಧಿಕಾರಿಯಿಂದ ದೃಢೀಕರಿಸಿದರೆ ಸಾಕು. ನನ್ನ ಪರವಾಗಿ ಮಾತಾಡುವವರು ಇಂಥವರೆಂದು ಹೆಸರುಗಳನ್ನೂ ಬರೆಯಬಹುದು. ಸಮಯ ಬಂದಾಗ ಆಸ್ಪತ್ರೆಯ ಮೂವರು ವೈದ್ಯರ ಮಂಡಳಿ ಪರೀಕ್ಷಿಸಬೇಕು, ಇನ್ನೊಂದು ಮಂಡಳಿ ಅದನ್ನು ಒಪ್ಪಬೇಕು. ಬರೆದಿಡದವರ ವಿಷಯದಲ್ಲಿ ಹತ್ತಿರದ ಬಂಧುಗಳ ಒಪ್ಪಿಗೆ ಬೇಕು. ಇದನ್ನು ಜಾರಿಗೊಳಿಸಲು ಕರ್ನಾಟಕ ಸರ್ಕಾರ 2025ರ ಜನವರಿ 30ರಂದು ಸುತ್ತೋಲೆ ಹೊರಡಿಸಿತು. ದಾವಣಗೆರೆಯ ನಿವೃತ್ತ ಶಿಕ್ಷಕಿ ಎಚ್.ಬಿ. ಕರಿಬಸಮ್ಮನವರು ಘನತೆಯ ಸಾವಿನ ಹಕ್ಕಿಗಾಗಿ ವರ್ಷಗಟ್ಟಲೆ ಎಲ್ಲರಿಗೂ ಕಾಗದ ಬರೆಯುತ್ತ ಬಂದಿದ್ದರು. ಶಾಲೆಯ ಮಾಸ್ತರಿಣಿಯ ಹಟ ಎಂದು ನಾನು ಅಭಿಮಾನದಿಂದಲೇ ಹೇಳುತ್ತೇನೆ.

ಹಾಗಾದರೆ ಅರುಣಾಳ ಪರವಾಗಿ ಸರಿಯಾದ ಮಾತಾಡಿದವರು ಯಾರು? ನರ್ಸುಗಳೋ, ಪುಸ್ತಕ ಬರೆದವರೋ? ಇಬ್ಬರಲ್ಲೂ ಅಂತಃಕರಣವಿತ್ತು. ತೀರ್ಮಾನ ಮಾಡುವ ಅಧಿಕಾರ ಸೇವೆ ಮಾಡಿದ ಕೈಗೆ ಸೇರಬೇಕೆಂದ ಕೋರ್ಟಿನ ಮಾತು ನನಗೆ ಒಪ್ಪಿಗೆ. ನಮ್ಮ ಮನೆಗಳಲ್ಲಿ ಬೆನ್ನು ಒರೆಸುವವರು ಒಬ್ಬರು, ಐ.ಸಿ.ಯು. ಬಾಗಿಲಲ್ಲಿ ನಿಂತು ರುಜು ಹಾಕುವವರು ಇನ್ನೊಬ್ಬರು. ಆ ರುಜು ಹಾಕುವಾಗ ಸೊಸೆಯನ್ನೋ ಮಗಳನ್ನೋ ಕೇಳುವ ರೂಢಿ ಇಲ್ಲ. ಆದರೂ ಸೇವೆ ಮಾಡಿದವರಿಗೆ ಕೂಡ ರೋಗಿಯ ಮನಸ್ಸು ಗೊತ್ತಿರುತ್ತದೆಂದು ಹೇಳಲಾಗದು. ಅರುಣಾ ಏನು ಬಯಸಿದ್ದಳು ಎಂಬುದನ್ನು 2015ರ ಮೇ 18ರಂದು ನ್ಯುಮೋನಿಯಾದಿಂದ ತೀರಿಕೊಳ್ಳುವವರೆಗೂ ಯಾರೂ ತಿಳಿಯಲಾಗಲಿಲ್ಲ.

ನಾವು ಬ್ಯಾಂಕಿನ ಪುಸ್ತಕಕ್ಕೆ ನಾಮಿನಿ ಬರೆಯುತ್ತೇವೆ. ಯಾವ ಬಳೆ ಯಾವ ಮಗಳಿಗೆ ಎಂದು ಹೇಳಿಡುತ್ತೇವೆ. ನಮ್ಮ ಕೊನೆಯ ದಿನಗಳ ಮಾತು ಬಂದರೆ ಮಾತ್ರ "ಅಪಶಕುನ ನುಡಿಯಬೇಡ" ಎಂದು ಮಕ್ಕಳು ಬಾಯಿ ಮುಚ್ಚಿಸುತ್ತಾರೆ. ಹೇಳಲೇಬೇಕು. ಬೇಡವೆನ್ನುವ ಚಿಕಿತ್ಸೆ ಯಾವುದು ಎಂಬುದರ ಜೊತೆಗೆ ಬೇಕೆನ್ನುವುದೂ ಅದರಲ್ಲಿರಲಿ: ನೋವಿಗೆ ಮದ್ದು ಬೇಕು, ಒಣ ಬಟ್ಟೆ ಬೇಕು, ಪಕ್ಕದಲ್ಲಿ ಒಬ್ಬರು ಬೇಕು. ಬೆಂಗಳೂರಿನ ಕರುಣಾಶ್ರಯದಂಥ ಕಡೆ ಗುಣವಾಗದ ಕ್ಯಾನ್ಸರ್ ರೋಗಿಗಳಿಗೆ ಹಣ ಪಡೆಯದೆ ಇದನ್ನೇ ಕೊಡುತ್ತಾರೆ. ಅಷ್ಟು ಸಿಕ್ಕ ಮೇಲೂ ಸಾಕೆನ್ನುವವರ ಮಾತನ್ನು ಕಾನೂನು ಕೇಳಲಿ. ಅಷ್ಟು ಸಿಗದೆ ಸಾಕೆಂದವರ ಮಾತನ್ನು ಮೊದಲು ಮನೆಯವರು ಕೇಳಿಸಿಕೊಳ್ಳಲಿ.